ಚಿತ್ತೆಯ ಮಳೆ, ಚಿತ್ತೆಯ ಚುಕ್ಕೆ

ಸಾಗರ, ಹೊಸನಗರ, ತೀರ್ಥಹಳ್ಳಿ ಸೀಮೆಯ ಒಕ್ಕಲು ಮನೆತನಗಳಲ್ಲಿ ಹೆಸರಿಲ್ಲದ ಮಳೆಯೆಂಬುದಿಲ್ಲ. ಮೃಗಶಿರೆ ಹಿಡಿಯಿತು, ಆರಿದ್ರೆ ಬಿಟ್ಟಿತು, ಪುಷ್ಯ ಜಡಿ ಹಿಡಿಯಿತು, ಮಖೆ ಹೊಳವಾಯಿತು ಎಂಬ ಮಾತುಗಳು ನಮ್ಮ ಜಗುಲಿಗಳಲ್ಲಿ ಸಂಬಂಧಿಕರ ಸುದ್ದಿಯಂತೆ ಬಂದುಹೋಗುತ್ತವೆ. ಈ ಸಾಲಿನ ಕೊನೆಯ ಕಡೆಗೆ ನಿಂತಿರುವುದು ಚಿತ್ತೆ. ಹಿರಿಯರು ಇದನ್ನು ‘ಕುರುಡು ಚಿತ್ತೆ’ ಎಂದು ಕರೆದರು. ಒಂದು ಗದ್ದೆಯನ್ನು ತೋಯಿಸಿ ಪಕ್ಕದ ಗದ್ದೆಯನ್ನು ಒಣಗಲು ಬಿಡುವ, ಕಣ್ಣಿಲ್ಲದವರು ಎರಚಿದಂತೆ ಎಲ್ಲೆಂದರಲ್ಲಿ ಬೀಳುವ ಮಳೆಯಿದು. ಮುಂಗಾರು ಹಿಂದಿರುಗುವ ಹೊತ್ತಿನ ಗುಡುಗು ಸಿಡಿಲಿನ ಮಳೆಗೆ ಇದಕ್ಕಿಂತ ತಕ್ಕ ಹೆಸರನ್ನು ಹವಾಮಾನ ಶಾಸ್ತ್ರಜ್ಞರೂ ಕೊಡಲಾರರೆಂದು ನಮ್ಮ ಅಭಿಪ್ರಾಯ.

ಆದರೆ ಚಿತ್ತೆಯ ಮಳೆಯನ್ನು ಬಲ್ಲವರಲ್ಲಿ ಚಿತ್ತೆಯ ಚುಕ್ಕೆಯನ್ನು ಬಲ್ಲವರು ತೀರ ಕಡಮೆ. ಇದಕ್ಕೆ ನಮ್ಮ ಜನರ ಅಲಕ್ಷ್ಯವೊಂದೇ ಕಾರಣವಲ್ಲ. ಚಿತ್ತೆಯ ಮಳೆ ಸುರಿಯುವ ದಿನಗಳಲ್ಲಿ ಆಕಾಶವು ತಿಳಿಯಾಗಿದ್ದರೂ ಆ ನಕ್ಷತ್ರ ಕಣ್ಣಿಗೆ ಬೀಳುವಂತಿಲ್ಲ. ಅಕ್ಟೋಬರ್ 17ರ ಸುಮಾರಿಗೆ ಸೂರ್ಯನು ಅದರ ನೆರೆಗೇ ಬಂದಿರುತ್ತಾನೆ. ಇಬ್ಬರ ನಡುವೆ ಆಗ ಉಳಿಯುವ ಅಂತರ ಕೇವಲ ಎರಡು ಡಿಗ್ರಿ, ಎಂದರೆ ಸೂರ್ಯಬಿಂಬವನ್ನು ನಾಲ್ಕು ಸಲ ಸಾಲಾಗಿ ಇಟ್ಟಷ್ಟು. ಹಗಲಿಡೀ ಸೂರ್ಯನ ಜೊತೆಯಲ್ಲೇ ಮೂಡಿ, ಜೊತೆಯಲ್ಲೇ ಮುಳುಗುವ ಚುಕ್ಕೆಯನ್ನು ಕಾಣುವುದೆಂತು? ಸೂರ್ಯನು ಆ ನಕ್ಷತ್ರದ ಮನೆಯನ್ನು ಹೊಕ್ಕಿದ್ದಾನೆ ಎಂಬುದೇ ಆ ಮಳೆಗೆ ಆ ಹೆಸರು ಬರಲು ಕಾರಣ. ಮಳೆ ಕುರುಡಾಗಿರಲಿ ಬಿಡಲಿ, ಆ ಹದಿನಾಲ್ಕು ದಿನ ನಾವಂತೂ ಚಿತ್ತೆಯ ಪಾಲಿಗೆ ಕುರುಡರೇ.

ಈ ಮಳೆ ನಕ್ಷತ್ರಗಳ ಲೆಕ್ಕವನ್ನು ಇಂದಿನ ಮಕ್ಕಳಿಗೆ ಒಂದಿಷ್ಟು ಬಿಡಿಸಿ ಹೇಳುವುದು ಅಗತ್ಯ. ಪಂಚಾಂಗದ ತಿಂಗಳುಗಳು ಚಂದ್ರನನ್ನು ಅನುಸರಿಸುವವು. ಹನ್ನೆರಡು ಚಾಂದ್ರಮಾಸಗಳು ಸೇರಿದರೆ ವರ್ಷಕ್ಕೆ ಹನ್ನೊಂದು ದಿನ ಕಡಮೆ ಬೀಳುತ್ತವೆ. ಅದನ್ನು ಸರಿಪಡಿಸಲು ಅಧಿಕಮಾಸ ಬರುತ್ತದೆ. ಹೀಗೆ ಹಿಂದುಮುಂದಾಗುವ ತಿಂಗಳನ್ನು ನಂಬಿ ಬಿತ್ತನೆ ಮಾಡಿದರೆ ರೈತನು ಕೆಡುತ್ತಾನೆ. ಆದುದರಿಂದ ನಮ್ಮ ಹಿರಿಯರು ಉಳುಮೆಗೆ ಚಂದ್ರನನ್ನು ಬಿಟ್ಟು ಸೂರ್ಯನನ್ನು ಹಿಡಿದರು. ಸೂರ್ಯನು ವರ್ಷವಿಡೀ ನಡೆಯುವ ದಾರಿಯನ್ನು ಇಪ್ಪತ್ತೇಳು ಪಾಲು ಮಾಡಿ, ಒಂದೊಂದು ಪಾಲಿಗೂ ಒಂದೊಂದು ನಕ್ಷತ್ರದ ಹೆಸರಿಟ್ಟರು. ಒಂದು ಪಾಲನ್ನು ದಾಟಲು ಅವನಿಗೆ ಹದಿಮೂರು ಹದಿನಾಲ್ಕು ದಿನ ಬೇಕು. ಜೂನ್ ಮೊದಲ ವಾರ ಮುಗಿಯುತ್ತಿದ್ದಂತೆ ಮೃಗಶಿರೆ, ಮೂರನೆಯ ವಾರದಲ್ಲಿ ಆರಿದ್ರೆ, ಅಕ್ಟೋಬರ್ ಹತ್ತರ ಆಸುಪಾಸಿಗೆ ಚಿತ್ತೆ, ಇಪ್ಪತ್ತನಾಲ್ಕರ ಸುಮಾರಿಗೆ ಸ್ವಾತಿ. ಅಕ್ಷರ ಬಾರದವರೂ ಬಾಯಲ್ಲಿಟ್ಟುಕೊಂಡು ಬಂದ ಸೌರಪಂಚಾಂಗವಿದು. ನಕ್ಷತ್ರವು ಮಳೆಯನ್ನು ಸುರಿಸುವುದಿಲ್ಲ. ಮಳೆ ಬರುವ ಕಾಲವನ್ನು ತೋರುವ ಗಡಿಗಲ್ಲು ಅದು. ಗಡಿಗಲ್ಲನ್ನು ಕಂಡು ಊರು ಬಂತೆಂದು ತಿಳಿಯುತ್ತೇವೆಯೇ ಹೊರತು, ಕಲ್ಲೇ ಊರನ್ನು ತಂದಿತೆಂದು ಯಾರೂ ಹೇಳುವುದಿಲ್ಲವಷ್ಟೆ.

ಹಾಗಾದರೆ ಚಿತ್ತೆಯನ್ನು ಕಾಣುವುದು ಯಾವಾಗ? ಏಪ್ರಿಲ್ 14ರ ಮೇಷ ಸಂಕ್ರಮಣದ ಹೊತ್ತಿಗೆ ಸೂರ್ಯನು ಆಕಾಶದಲ್ಲಿ ಚಿತ್ತೆಗೆ ನೇರ ಎದುರಾಗಿರುತ್ತಾನೆ. ಇವನು ಪಡುವಣದಲ್ಲಿ ಮುಳುಗಿದಂತೆ ಅದು ಮೂಡಣದಲ್ಲಿ ಏಳುತ್ತದೆ. ರಾತ್ರಿ ಒಂಬತ್ತರ ಹೊತ್ತಿಗೆ ಆಗ್ನೇಯದ ಕಡೆ ಅಡಿಕೆ ಮರದ ತಲೆಗಿಂತ ಮೇಲೆ ಬಂದಿರುತ್ತದೆ. ಗುರುತಿಸುವುದು ಸುಲಭ. ಉತ್ತರದಲ್ಲಿ ಸಪ್ತರ್ಷಿ ಮಂಡಲದ ಬಾಲದ ಮೂರು ಚುಕ್ಕೆಗಳು ಒಂದು ಬಾಗು ಗೆರೆಯಲ್ಲಿರುತ್ತವೆ. ಆ ಬಾಗನ್ನು ಹಾಗೆಯೇ ಮುಂದೆ ಎಳೆದರೆ ಮೊದಲು ಸಿಗುವುದು ಕಿತ್ತಳೆ ಬಣ್ಣದ ಸ್ವಾತಿ. ಅದೇ ಬಾಗಿನಲ್ಲಿ ಇನ್ನಷ್ಟು ದಕ್ಷಿಣಕ್ಕೆ ಇಳಿದರೆ ಬಿಳಿಯ ಮೇಲೆ ನೀಲಿ ಛಾಯೆಯಿರುವ ಚಿತ್ತೆ. ನಮ್ಮ ಸೀಮೆ ಸುಮಾರು 14 ಡಿಗ್ರಿ ಉತ್ತರ ಅಕ್ಷಾಂಶದಲ್ಲಿರುವುದರಿಂದ ನಡುನೆತ್ತಿಯ ರೇಖೆಯನ್ನು ದಾಟುವಾಗ ಅದು ದಕ್ಷಿಣದಲ್ಲಿ 65 ಡಿಗ್ರಿ ಎತ್ತರಕ್ಕೆ ಬರುತ್ತದೆ. ತೋಟದ ಒಳಗಿನ ಮನೆಯಂಗಳದಲ್ಲಿ ಆಕಾಶವು ಕೊಡೆಯಗಲವೇ ಕಾಣುವುದು ನಿಜ. ಆದರೆ ಗದ್ದೆ ಬಯಲಿಗೋ, ಲಿಂಗನಮಕ್ಕಿಯ ಹಿನ್ನೀರ ದಂಡೆಗೋ ಬಂದರೆ ಸ್ವಾತಿ ಮತ್ತು ಚಿತ್ತೆ ಎರಡನ್ನೂ ಒಂದೇ ನೋಟದಲ್ಲಿ ಹಿಡಿಯಬಹುದು.

ಎರಡನ್ನೂ ಒಟ್ಟಿಗೆ ನೋಡಿರೆಂದು ನಾವು ಒತ್ತಿ ಹೇಳುವುದು ಬಣ್ಣದ ಸಲುವಾಗಿ. ಕಮ್ಮಾರನ ಕುಲುಮೆಯನ್ನು ಕಂಡವರಿಗೆ ಇದರ ಅರ್ಥ ಕೂಡಲೇ ಆಗುತ್ತದೆ. ಕಬ್ಬಿಣವು ಮೊದಲು ಕೆಂಪಗೆ ಕಾಯುತ್ತದೆ; ತಿದಿ ಒತ್ತಿದಂತೆ ಕಿತ್ತಳೆ, ಹಳದಿ, ಬಿಳಿಯತ್ತ ಸಾಗುತ್ತದೆ. ಕೆಂಪು ಕಡಮೆ ಕಾವಿನ ಗುರುತು, ಬಿಳಿ ಹೆಚ್ಚು ಕಾವಿನದು. ಕುಲುಮೆಯ ಕಾವು ಅಲ್ಲಿಗೆ ನಿಲ್ಲುತ್ತದೆ, ನಕ್ಷತ್ರಗಳದು ನಿಲ್ಲುವುದಿಲ್ಲ. ಬಿಳಿಯನ್ನು ದಾಟಿದ ಕಾವಿನ ಬಣ್ಣವೇ ನೀಲಿ. ಸ್ವಾತಿಯ ಮೇಲ್ಮೈ ಸುಮಾರು 4,000 ಡಿಗ್ರಿ ಸೆಲ್ಸಿಯಸ್. ನಮ್ಮ ಸೂರ್ಯನದು 5,500. ಚಿತ್ತೆಯದು ಸುಮಾರು 25,000. ಇಷ್ಟು ಬಿಸಿಯಾದ ಕಾಯವು ತನ್ನ ಬೆಳಕಿನ ಬಹುಪಾಲನ್ನು ನಮ್ಮ ಕಣ್ಣಿಗೆ ಕಾಣದ ನೇರಳಾತೀತ ಕಿರಣಗಳ ರೂಪದಲ್ಲಿ ಚೆಲ್ಲುತ್ತದೆ. ನಾವು ಕಾಣುವ ಆ ತಂಪು ನೀಲಿಯ ಮಿನುಗು, ಅದು ಸುರಿಯುವ ಬೆಳಕಿನ ಚಿಕ್ಕದೊಂದು ಪಾಲು ಮಾತ್ರ. ‘ತಂಪು’ ಎಂದೆವು, ಕಣ್ಣಿಗೆ ಹಿತವಾಗಿ ಕಾಣುವುದರಿಂದ ಬಾಯಿಗೆ ಬಂದ ಮಾತದು. ಬರಿಗಣ್ಣಿಗೆ ಎದ್ದುಕಾಣುವ ಇಪ್ಪತ್ತು ನಕ್ಷತ್ರಗಳ ಪಟ್ಟಿಯಲ್ಲಿ ಸೇರುವ ಈ ಚುಕ್ಕೆ ಕುಲುಮೆಗಳ ಕುಲುಮೆ.

ಇಷ್ಟು ದೂರದ ವಸ್ತುವಿನ ಕಾವನ್ನು ಅಳೆದವರಾರು, ಅಳೆದುದು ಹೇಗೆ? ಇಲ್ಲಿ ನಮ್ಮ ದೇಶದ ಹೆಸರು ಎರಡು ಕಡೆ ಬರುತ್ತದೆ. ಮೊದಲನೆಯದು 1868ನೆಯ ಇಸವಿಯ ಆಗಸ್ಟ್ 18ರ ಪೂರ್ಣ ಸೂರ್ಯಗ್ರಹಣ. ಅದರ ನೆರಳು ನಮ್ಮ ಬಿಜಾಪುರ ಸೀಮೆಯ ಮೇಲೆ ಹಾದುಹೋಯಿತು. ಜಮಖಂಡಿಯಲ್ಲಿ ಲೆಫ್ಟಿನೆಂಟ್ ಜಾನ್ ಹರ್ಷೆಲ್, ಗುಂಟೂರಿನಲ್ಲಿ ಫ್ರಾನ್ಸಿನ ಜಾನ್ಸನ್ ಮೊದಲಾದವರು ಸೂರ್ಯನ ಅಂಚಿನ ಜ್ವಾಲೆಗಳ ಬೆಳಕನ್ನು ಗಾಜಿನ ಪಟ್ಟಕದಲ್ಲಿ ಬಿಡಿಸಿ, ಅದರಲ್ಲಿ ಹೊಳೆಯುವ ಗೆರೆಗಳನ್ನು ಕಂಡರು. ಆ ವರ್ಷದ ವೀಕ್ಷಣೆಗಳಿಂದಲೇ ಅದುವರೆಗೆ ಭೂಮಿಯ ಮೇಲೆ ಯಾರೂ ಅರಿಯದಿದ್ದ ಹೀಲಿಯಂ ಎಂಬ ಅನಿಲದ ಸುಳಿವು ದೊರೆಯಿತು. ಚಿತ್ತೆಯ ಬೆಳಕನ್ನು ಹಾಗೆಯೇ ಬಿಡಿಸಿ ನೋಡಿದರೆ ಅದರ ರೋಹಿತದಲ್ಲಿ ಹೀಲಿಯಂನ ಕಪ್ಪು ಗೆರೆಗಳು ಸ್ಫುಟವಾಗಿ ಕಾಣುತ್ತವೆ. ಸೂರ್ಯನಲ್ಲಿ ಹೀಲಿಯಂ ಧಾರಾಳವಾಗಿದ್ದರೂ ಅದರ ಮೇಲ್ಮೈಯ ರೋಹಿತದಲ್ಲಿ ಆ ಗೆರೆಗಳು ಹೀಗೆ ಮೂಡುವುದಿಲ್ಲ.

ಈ ವ್ಯತ್ಯಾಸವೇಕೆಂದು ವಿವರಿಸಿದವರು ಮೇಘನಾದ ಸಹಾ. ಅಣುವು ಎಷ್ಟು ಕಾದರೆ ತನ್ನ ಇಲೆಕ್ಟ್ರಾನುಗಳನ್ನು ಕಳೆದುಕೊಳ್ಳುತ್ತದೆ ಎಂಬುದನ್ನು ತಿಳಿಸುವ ಸಮೀಕರಣವನ್ನು ಅವರು 1920ರಲ್ಲಿ ಪ್ರಕಟಿಸಿದರು. ಯಾವ ಗೆರೆ ಕಾಣುತ್ತದೆ, ಯಾವುದು ಕಾಣುವುದಿಲ್ಲ ಎಂಬುದು ನಕ್ಷತ್ರದಲ್ಲಿ ಏನಿದೆ ಎನ್ನುವುದಕ್ಕಿಂತ ಅದು ಎಷ್ಟು ಕಾದಿದೆ ಎನ್ನುವುದನ್ನೇ ಹೆಚ್ಚಾಗಿ ಅವಲಂಬಿಸಿದೆ ಎಂದು ಅದರಿಂದ ಸಿದ್ಧವಾಯಿತು. ಹೀಲಿಯಂನ ಗೆರೆ ಮೂಡಬೇಕಾದರೆ ಬೇಕಾಗುವ ಉಗ್ರವಾದ ಕಾವು ಚಿತ್ತೆಯಲ್ಲಿದೆ, ಸೂರ್ಯನಲ್ಲಿಲ್ಲ. ಬಂಗಾಲದ ಹಳ್ಳಿಯೊಂದರ ಬಡ ಅಂಗಡಿಕಾರನ ಮಗನಾಗಿ ಹುಟ್ಟಿದ ಸಹಾ ಅವರ ಹೆಸರು ಈ ಲೇಖನದಲ್ಲಿ ಮತ್ತೊಮ್ಮೆ ಬರಲಿದೆ, ಓದುಗರು ನೆನಪಿನಲ್ಲಿಡಬೇಕು.

ಚಿತ್ತೆಯ ಇನ್ನೊಂದು ಗುಟ್ಟು ಹೊರಬಿದ್ದುದು 1890ರಲ್ಲಿ. ಜರ್ಮನಿಯ ಪಾಟ್ಸ್‌ಡ್ಯಾಮ್ ವೀಕ್ಷಣಾಲಯದಲ್ಲಿ ಹರ್ಮನ್ ಫೋಗೆಲ್ ಎಂಬ ವಿಜ್ಞಾನಿ ಅದರ ರೋಹಿತದ ಗೆರೆಗಳನ್ನು ದಿನವೂ ಅಳೆಯುತ್ತಿದ್ದಾಗ, ಅವು ಒಂದೇ ಕಡೆ ನಿಲ್ಲದೆ ಅತ್ತಿತ್ತ ಸರಿಯುವುದನ್ನು ಕಂಡರು. ತಾಳಗುಪ್ಪದ ರೈಲು ಸಾಗರದ ನಿಲ್ದಾಣಕ್ಕೆ ಬರುವಾಗ ಅದರ ಸೀಟಿ ಏರಿದ ದನಿಯಲ್ಲಿ ಕೇಳುತ್ತದೆ. ನಮ್ಮನ್ನು ದಾಟಿ ಹೋದೊಡನೆ ದನಿ ಇಳಿಯುತ್ತದೆ. ಬೆಳಕಿನದೂ ಅದೇ ನಿಯಮ. ಹತ್ತಿರ ಬರುವ ದೀಪದ ಗೆರೆಗಳು ನೀಲಿಯ ಕಡೆಗೆ, ದೂರ ಸಾಗುವ ದೀಪದ ಗೆರೆಗಳು ಕೆಂಪಿನ ಕಡೆಗೆ ಸರಿಯುತ್ತವೆ. ಚಿತ್ತೆ ಎರಡು ದಿನ ನಮ್ಮ ಕಡೆಗೂ ಎರಡು ದಿನ ಆಚೆಗೂ ಚಲಿಸುತ್ತಿದ್ದಿತು. ಎಂದರೆ ಅದು ಒಂಟಿಯಲ್ಲ. ಮತ್ತೊಂದು ನಕ್ಷತ್ರದೊಡನೆ ಕೈಹಿಡಿದು ಸುತ್ತುತ್ತಿರುವ ಅವಳಿ. ಒಂದು ಸುತ್ತಿಗೆ ನಾಲ್ಕು ದಿನ ಮತ್ತು ಇಪ್ಪತ್ತು ನಿಮಿಷ. ನಮ್ಮ ಭೂಮಿಗೆ ಒಂದು ಸುತ್ತಿಗೆ ವರ್ಷವೇ ಬೇಕು!

ಇವುಗಳ ಗಾತ್ರವನ್ನು ಅಳೆದ ಕಥೆ ಇನ್ನೂ ಸೊಗಸಾದುದು. ರಾಬರ್ಟ್ ಹ್ಯಾನ್‌ಬರಿ ಬ್ರೌನ್ ಎಂಬ ವಿಜ್ಞಾನಿ 1916ರಲ್ಲಿ ಹುಟ್ಟಿದುದು ನಮ್ಮ ನೆರೆಯ ನೀಲಗಿರಿಯ ಅರುವಂಕಾಡಿನಲ್ಲಿ. ಅವರು ಮುಂದೆ ಆಸ್ಟ್ರೇಲಿಯದ ನರಾಬ್ರೈ ಎಂಬಲ್ಲಿ 188 ಮೀಟರು ವ್ಯಾಸದ ದುಂಡನೆಯ ರೈಲು ಹಳಿಯನ್ನು ಹಾಕಿಸಿ, ಅದರ ಮೇಲೆ ಆರೂವರೆ ಮೀಟರು ಅಗಲದ ಎರಡು ಕನ್ನಡಿಗಳನ್ನು ಓಡಿಸಿದರು. ಒಂದೇ ನಕ್ಷತ್ರದ ಬೆಳಕು ಎರಡು ಕನ್ನಡಿಗಳಲ್ಲಿ ಮಿಡಿಯುವ ರೀತಿಯನ್ನು ಹೋಲಿಸಿ, ಕನ್ನಡಿಗಳ ನಡುವಣ ಅಂತರವನ್ನು ಹೆಚ್ಚು ಕಡಮೆ ಮಾಡುತ್ತ, ಆ ನಕ್ಷತ್ರದ ಅಗಲವನ್ನು ಲೆಕ್ಕ ಹಾಕುವ ಉಪಾಯವದು. ಚಿತ್ತೆಯ ಫಲಿತಾಂಶ 1971ರಲ್ಲಿ ಪ್ರಕಟವಾಯಿತು. ಇದೇ ಹ್ಯಾನ್‌ಬರಿ ಬ್ರೌನ್ ಅಂತರರಾಷ್ಟ್ರೀಯ ಖಗೋಳ ಒಕ್ಕೂಟದ ಅಧ್ಯಕ್ಷರಾದುದು ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯನ್ನು ಕಟ್ಟಿದ ವೈನು ಬಪ್ಪು ಅವರು 1982ರಲ್ಲಿ ಅದೇ ಪದವಿಯಲ್ಲಿರುವಾಗ ತೀರಿಕೊಂಡ ಬಳಿಕ. 1985ರಲ್ಲಿ ಆ ಒಕ್ಕೂಟದ ಮಹಾಧಿವೇಶನವು ದೆಹಲಿಯಲ್ಲಿ ಅವರ ಅಧ್ಯಕ್ಷತೆಯಲ್ಲೇ ಜರುಗಿತು.

ಈಗ ನಮಗೆ ತಿಳಿದಿರುವಂತೆ, ಅವಳಿಯಲ್ಲಿ ಹಿರಿಯದು ಸೂರ್ಯನಿಗಿಂತ ಏಳೂವರೆ ಪಟ್ಟು ಅಗಲ, ಹನ್ನೊಂದು ಪಟ್ಟು ತೂಕ. ಕಿರಿಯದು ಸುಮಾರು ಮೂರೂಮುಕ್ಕಾಲು ಪಟ್ಟು ಅಗಲ, ಏಳು ಪಟ್ಟು ತೂಕ; ಅದರ ಕಾವೂ ಇಪ್ಪತ್ತು ಸಾವಿರ ಡಿಗ್ರಿಯ ಮೇಲೆಯೇ. ಹಿರಿಯದೊಂದೇ ಇಪ್ಪತ್ತು ಸಾವಿರ ಸೂರ್ಯರಷ್ಟು ಶಕ್ತಿಯನ್ನು ಹೊರಸೂಸುತ್ತದೆ. ಎರಡರ ಕೇಂದ್ರಗಳ ನಡುವಣ ದೂರ ಸರಾಸರಿ ಎರಡು ಕೋಟಿ ಕಿಲೋಮೀಟರಿಗೂ ತುಸು ಕಡಮೆ. ನಮ್ಮ ಬುಧಗ್ರಹವು ಸೂರ್ಯನಿಂದ ಇರುವ ದೂರದ ಮೂರನೆಯ ಒಂದು ಪಾಲು. ಇಷ್ಟು ಸಮೀಪದಲ್ಲಿ ಇಂಥ ಭಾರದ ಕಾಯಗಳೆರಡು ಸುತ್ತಿದರೆ ಒಂದು ಇನ್ನೊಂದನ್ನು ಎಳೆಯದೆ ಬಿಡದು. ಆ ಎಳೆತಕ್ಕೆ ಸಿಕ್ಕಿ ಎರಡೂ ದುಂಡಗಿರದೆ ಮೊಟ್ಟೆಯ ಆಕಾರಕ್ಕೆ ಜಗ್ಗಿವೆ. ಸುತ್ತುವಾಗ ಒಮ್ಮೆ ಉದ್ದನೆಯ ಮೈ, ಒಮ್ಮೆ ತುದಿಯ ಮೈ ನಮ್ಮ ಕಡೆಗೆ ತಿರುಗುವುದರಿಂದ ಬೆಳಕು ನೂರಕ್ಕೆ ಮೂರರಷ್ಟು ಏರಿಳಿಯುತ್ತದೆ. ಇದು ಬರಿಗಣ್ಣಿಗೆ ತಿಳಿಯುವಷ್ಟಿಲ್ಲ.

ಹಿರಿಯ ನಕ್ಷತ್ರಕ್ಕೆ ಹಿಂದೆ ಒಂದು ಎದೆಬಡಿತವೂ ಇದ್ದಿತು. ನಾಲ್ಕು ಗಂಟೆ ಹತ್ತು ನಿಮಿಷಕ್ಕೊಮ್ಮೆ ಅದು ಹಿಗ್ಗಿ ಕುಗ್ಗುತ್ತಿದ್ದಿತು. 1970ರ ದಶಕದ ಆರಂಭದಲ್ಲಿ, ಅಳೆಯುವವರ ಕಣ್ಣೆದುರಿನಲ್ಲೇ, ಆ ಬಡಿತ ಕ್ಷೀಣಿಸಿತು. ನಕ್ಷತ್ರಗಳ ಬದಲಾವಣೆಗೆ ಲಕ್ಷಾಂತರ ವರ್ಷ ಬೇಕೆಂದು ಪುಸ್ತಕಗಳಲ್ಲಿ ಓದುವ ನಮಗೆ, ಮನುಷ್ಯನ ಆಯುಷ್ಯದೊಳಗೇ ಹೀಗೊಂದು ಬದಲಾವಣೆಯಾದುದು ಬೆರಗಿನ ಸಂಗತಿ.

ದೂರದ ಮಾತಿಗೆ ಬರೋಣ. ಚಿತ್ತೆ ನಮ್ಮಿಂದ ಸುಮಾರು 250 ಜ್ಯೋತಿರ್ವರ್ಷ ದೂರದಲ್ಲಿದೆ. ಸೆಕೆಂಡಿಗೆ ಮೂರು ಲಕ್ಷ ಕಿಲೋಮೀಟರು ಓಡುವ ಬೆಳಕು ಅಲ್ಲಿಂದ ಇಲ್ಲಿಗೆ ಬರಲು ಇನ್ನೂರೈವತ್ತು ವರ್ಷ ಬೇಕು. ಅಂಕಿಗಳನ್ನು ಬರೆದರೆ ಸೊನ್ನೆಗಳ ಸಾಲಷ್ಟೇ ಆದೀತು. ನಮ್ಮ ಮೂರು ತಾಲ್ಲೂಕಿನ ಚರಿತ್ರೆಯ ಮೂಲಕ ಅಳೆದರೆ ಮನಸ್ಸಿಗೆ ನಾಟುತ್ತದೆ. ಸಾಗರದ ಕೆಳದಿ ಮತ್ತು ಇಕ್ಕೇರಿ, ಹೊಸನಗರದ ಬಿದನೂರು, ತೀರ್ಥಹಳ್ಳಿಯ ಕವಲೇದುರ್ಗ – ಇವು ಕೆಳದಿ ಅರಸರ ನೆಲೆಗಳು. 1763ರಲ್ಲಿ ರಾಣಿ ವೀರಮ್ಮಾಜಿಯ ಕಾಲಕ್ಕೆ ಬಿದನೂರು ಹೈದರಾಲಿಯ ವಶವಾಯಿತು. ಹೈದರನಗರವೆಂದು ಹೆಸರಾಗಿ ಇಂದು ನಗರವೆಂದು ಕರೆಸಿಕೊಳ್ಳುತ್ತಿದೆ. ಇಂದು ರಾತ್ರಿ ನಮ್ಮ ಕಣ್ಣನ್ನು ಹೊಗುವ ಚಿತ್ತೆಯ ಬೆಳಕು ಹೆಚ್ಚುಕಡಮೆ ಆ ರಾಜ್ಯ ಅಳಿದ ತಲೆಮಾರಿನಲ್ಲಿ ಹೊರಟುದು. ರಾಜಾರಾಮನಿಗೆ ಆಶ್ರಯವಿತ್ತು ಔರಂಗಜೇಬನ ಸೈನ್ಯವನ್ನು ಇದಿರಿಸಿದ ಚೆನ್ನಮ್ಮಾಜಿ ಬಿದನೂರಿನ ಕೋಟೆಯ ಮೇಲೆ ನಿಂತು ಈ ಚುಕ್ಕೆಯನ್ನು ನೋಡಿದ್ದರೆ, ಆಕೆ ಕಂಡ ಬೆಳಕು ಹದಿನೈದನೆಯ ಶತಮಾನದ ಮಧ್ಯಭಾಗಕ್ಕಿಂತ ಈಚಿನದಲ್ಲ; ಆ ವಂಶದ ಮೂಲಪುರುಷ ಚೌಡಪ್ಪನಾಯಕನು ರಾಜ್ಯ ಕಟ್ಟುವುದಕ್ಕೂ ಮೊದಲಿನದು. ಆಕೆಯ ದತ್ತುಪುತ್ರ ಬಸವಪ್ಪನಾಯಕನು 1709ರಲ್ಲಿ ‘ಶಿವತತ್ತ್ವರತ್ನಾಕರ’ವೆಂಬ ಸಂಸ್ಕೃತ ವಿಶ್ವಕೋಶವನ್ನು ರಚಿಸಿದನು. ಲೋಕಗಳ ವರ್ಣನೆಯಿಂದ ಹಿಡಿದು ಅಡಿಗೆಯವರೆಗೆ ಅದರಲ್ಲಿ ಸೇರದ ವಿಷಯ ಕಡಮೆ. ಇಂಥ ಗ್ರಂಥವನ್ನು ಬರೆದ ಅರಸನ ನಾಡಿನಲ್ಲಿ ಕುಳಿತು ಆಕಾಶದ ವಿಚಾರ ಮಾತನಾಡುವುದು ಅಪ್ರಸಂಗವಲ್ಲವೆಂದು ಭಾವಿಸುತ್ತೇವೆ.

ದುಡಿಮೆ ಹೆಚ್ಚಾದವನಿಗೆ ಆಯುಷ್ಯ ಕಡಮೆ ಎಂಬುದು ನಕ್ಷತ್ರಲೋಕದಲ್ಲಿ ನಿಜ. ಸೂರ್ಯನ ಹನ್ನೊಂದು ಪಟ್ಟು ಇಂಧನವನ್ನಿಟ್ಟುಕೊಂಡು ಇಪ್ಪತ್ತು ಸಾವಿರ ಪಟ್ಟು ಖರ್ಚು ಮಾಡುವ ಮನೆ ಎಷ್ಟು ದಿನ ಬಾಳೀತು? ಸೂರ್ಯನಿಗೆ ಈಗಾಗಲೇ 460 ಕೋಟಿ ವರ್ಷ ವಯಸ್ಸಾಗಿದ್ದು ಇನ್ನೂ ಅಷ್ಟೇ ಕಾಲ ಉರಿಯುವುದಕ್ಕೆ ಇಂಧನವಿದೆ. ಚಿತ್ತೆಯ ವಯಸ್ಸು ಒಂದು ಕೋಟಿ ವರ್ಷದ ಆಸುಪಾಸು. ಅಷ್ಟರಲ್ಲೇ ಅದು ಮಧ್ಯವಯಸ್ಸನ್ನು ಮೀರಿದೆ. ನಮ್ಮ ಕಾಲಡಿಯ ಮಲೆನಾಡಿನ ಪ್ರಾಚೀನ ಶಿಲೆಗಳಿಗೆ 250 ಕೋಟಿ ವರ್ಷಕ್ಕೂ ಮಿಗಿಲಾದ ವಯಸ್ಸಿರುವಾಗ, ಆಕಾಶದ ಈ ಚುಕ್ಕೆ ಬೆಟ್ಟಗಳ ಮುಂದೆ ಎಳೆಯ ಕೂಸು. ಮುಂದೆ ಕೆಲವು ಲಕ್ಷೋಪಲಕ್ಷ ವರ್ಷಗಳ ನಂತರ ಅದು ಹಿಗ್ಗಿ, ಕೆಂಪಾಗಿ, ಕೊನೆಗೆ ಸೂಪರ್‌ನೋವಾ ಆಗಿ ಸಿಡಿಯುವ ಸಂಭವವೇ ಹೆಚ್ಚು. ಆಗ ಕೆಲವು ವಾರ ಅದು ಹುಣ್ಣಿಮೆಯ ಚಂದ್ರನಷ್ಟು ಬೆಳಗೀತು. ಇಷ್ಟು ದೂರದಿಂದ ಭೂಮಿಗೆ ಅಪಾಯವಿಲ್ಲ.

ಸಿಡಿಯುವುದೆಂದರೆ ಬರೀ ನಾಶವಲ್ಲ. ಕೊಡಚಾದ್ರಿಯ ಒಡಲಿನಲ್ಲಿ ಕಬ್ಬಿಣದ ಅದಿರಿದೆ. ಮೇಲಿನ ಗುಡಿಯ ಬಳಿ ಕಬ್ಬಿಣದ ಕಂಬವೂ ನಿಂತಿದೆ. ಆ ಕಬ್ಬಿಣ ಭೂಮಿಯಲ್ಲಿ ತಯಾರಾದುದಲ್ಲ. ಸೂರ್ಯನೂ ಭೂಮಿಯೂ ಹುಟ್ಟುವುದಕ್ಕೆ ಮುಂಚೆ ಸಿಡಿದುಹೋದ ನಕ್ಷತ್ರಗಳ ಒಡಲಲ್ಲಿ ಬೆಂದು, ಬಾಹ್ಯಾಕಾಶಕ್ಕೆ ಚೆಲ್ಲಿ, ಧೂಳಾಗಿ, ಮತ್ತೆ ಒಂದುಗೂಡಿ ನಮ್ಮ ನೆಲಕ್ಕೆ ಬಂದುದು. ತೋಟದ ಗುದ್ದಲಿಯಲ್ಲಿರುವುದೂ ಅದೇ, ಮನೆಮಂದಿಯ ರಕ್ತದಲ್ಲಿರುವುದೂ ಅದೇ. ಹಾಗೆ ಸಿಡಿದವುಗಳಲ್ಲಿ ಚಿತ್ತೆಯ ಜಾತಿಯ ಭಾರದ ನಕ್ಷತ್ರಗಳೂ ಸೇರಿದ್ದವು.

ಚೈತ್ರಮಾಸಕ್ಕೆ ಆ ಹೆಸರು ಬಂದುದೂ ಈ ನಕ್ಷತ್ರದಿಂದಲೇ. ಆ ತಿಂಗಳ ಹುಣ್ಣಿಮೆಯ ಚಂದ್ರ ಚಿತ್ತೆಯ ಬಳಿ ಇರುತ್ತಾನೆ. ಕೆಲವು ವರ್ಷ ಒಂದು ಮನೆ ಹಿಂದೆ ಹಸ್ತದಲ್ಲಿ, ಕೆಲವು ವರ್ಷ ಮುಂದೆ ಸ್ವಾತಿಯಲ್ಲಿ. ಅದೇ ದವನದ ಹುಣ್ಣಿಮೆ. ನಮ್ಮ ಜಿಲ್ಲೆಯ ಉಡುತಡಿಯ ಅಕ್ಕಮಹಾದೇವಿಯ ಜಯಂತಿಯನ್ನು ಶರಣಬಂಧುಗಳು ಆಚರಿಸುವ ದಿನ. ಆ ಸಂಜೆ ಸಭೆ ಮುಗಿಸಿ ಹೊರಬಂದವರು ಚಂದ್ರನ ಸುತ್ತಮುತ್ತ ಕಣ್ಣು ಹಾಯಿಸಿದರೆ ನೀಲಿ ಚುಕ್ಕೆ ಸಿಗುತ್ತದೆ. ಚಂದ್ರನ ದಾರಿಗೆ ಇದು ಎಷ್ಟು ಸಮೀಪವೆಂದರೆ ಕೆಲವೊಮ್ಮೆ ಅವನು ಇದನ್ನು ಪೂರ್ತಿಯಾಗಿ ಮರೆಮಾಡುತ್ತಾನೆ. 2024ರ ನಡುವಿನಿಂದ 2025ರ ಕೊನೆಯವರೆಗೆ ಪ್ರತಿ ತಿಂಗಳೂ ಭೂಮಿಯ ಯಾವುದಾದರೊಂದು ಭಾಗದವರಿಗೆ ಈ ಮರೆಯಾಟ ಕಂಡಿತು.

ಯವನರು ಮತ್ತು ರೋಮನರು ಇದೇ ಚುಕ್ಕೆಯನ್ನು ಕನ್ಯೆಯ ಕೈಯಲ್ಲಿರುವ ತೆನೆಯೆಂದು ಕಂಡರು. ಅವರ ‘ಸ್ಪೈಕಾ’ ಎಂಬ ಹೆಸರಿಗೆ ತೆನೆಯೆಂದೇ ಅರ್ಥ. ಚಿತ್ತೆಯ ಮಳೆಯ ದಿನಗಳಲ್ಲೇ, ಸೀಗೆ ಹುಣ್ಣಿಮೆಯೆಂದೂ ಭೂಮಿ ಹುಣ್ಣಿಮೆಯೆಂದೂ ಕರೆಯುವ ಹಬ್ಬದ ಆಸುಪಾಸಿನಲ್ಲಿ, ನಮ್ಮ ಗದ್ದೆಗಳಲ್ಲಿ ಭತ್ತ ಹೊಡೆ ತುಂಬಿ ತೆನೆ ಬಿಚ್ಚುತ್ತಿರುತ್ತದೆ. ಬಣ್ಣ ಬರೆದ ಭೂಮಣ್ಣಿ ಬುಟ್ಟಿಯನ್ನು ಹೊತ್ತು, ಬಸುರಿಯಾದ ಪೈರಿಗೆ ಬಯಕೆಯ ಅಡಿಗೆಯನ್ನು ಬಡಿಸಲು ನಮ್ಮ ಒಕ್ಕಲುಮಕ್ಕಳು ಬೆಳಗಿನ ಜಾವ ಗದ್ದೆಗೆ ನಡೆಯುವ ಹೊತ್ತದು. ಅವರ ತೆನೆ ಗೋಧಿಯದು, ನಮ್ಮದು ಭತ್ತದ್ದು. ಹೋಲಿಕೆ ಕಾಕತಾಳೀಯವೇ ಇರಬೇಕು, ಆದರೂ ಹೇಳದೆ ಬಿಡಲು ಮನಸ್ಸಾಗಲಿಲ್ಲ.

ಇನ್ನು ಒಕ್ಕಲುತನಕ್ಕೇ ಸಂಬಂಧಿಸಿದ ಒಂದು ವಿಚಾರವಿದೆ. ಕ್ರಿಸ್ತಪೂರ್ವ ಎರಡನೆಯ ಶತಮಾನದಲ್ಲಿ ಹಿಪಾರ್ಕಸ್ ಎಂಬ ಗ್ರೀಕ್ ಖಗೋಳಜ್ಞನು ತಾನು ಅಳೆದ ಚಿತ್ತೆಯ ಸ್ಥಾನವನ್ನು, ತನಗಿಂತ ನೂರೈವತ್ತು ವರ್ಷ ಹಿಂದೆ ಟಿಮೊಕಾರಿಸನು ಅಳೆದುದರೊಡನೆ ಹೋಲಿಸಿದನು. ಎರಡು ಡಿಗ್ರಿಯ ವ್ಯತ್ಯಾಸ ಬಂದಿತು. ಸರಿದುದು ಚಿತ್ತೆಯಲ್ಲ, ಲೆಕ್ಕದ ಮೊದಲ ಬಿಂದುವಾದ ವಿಷುವ. ಭೂಮಿಯ ಅಕ್ಷವು ಬುಗುರಿಯಂತೆ ತಲೆ ತಿರುಗಿಸುತ್ತ ಸುಮಾರು 26,000 ವರ್ಷಕ್ಕೆ ಒಂದು ಸುತ್ತು ಮುಗಿಸುತ್ತದೆ. ಇದನ್ನು ನಾವು ಅಯನಚಲನವೆನ್ನುತ್ತೇವೆ. ಸ್ವತಂತ್ರ ಭಾರತದಲ್ಲಿ ಊರಿಗೊಂದು ಬಗೆಯ ಪಂಚಾಂಗವಿರುವುದನ್ನು ಕಂಡು 1952ರಲ್ಲಿ ಒಂದು ಪಂಚಾಂಗ ಸುಧಾರಣಾ ಸಮಿತಿ ರಚನೆಯಾಯಿತು. ಅದರ ಅಧ್ಯಕ್ಷರು, ಮೇಲೆ ಹೇಳಿದ ಮೇಘನಾದ ಸಹಾ ಅವರೇ. ಚಿತ್ತೆಗೆ ನೇರ ಎದುರಿನ ಬಿಂದುವನ್ನು ಆಧಾರವಾಗಿಟ್ಟುಕೊಂಡ ಲೆಕ್ಕವನ್ನು ಆ ಸಮಿತಿ ಒಪ್ಪಿಕೊಂಡಿತು. 1957ರ ಮಾರ್ಚ್ 22ರಿಂದ ರಾಷ್ಟ್ರೀಯ ಪಂಚಾಂಗ ಜಾರಿಗೆ ಬಂದಿತು. ಚಿತ್ತೆಯ ಕಾವಿನ ಗೂಢವನ್ನು ಬಿಡಿಸಿದವರೇ ಅದನ್ನು ದೇಶದ ಕಾಲಗಣನೆಯ ಗೂಟವಾಗಿಯೂ ನೆಟ್ಟರು.

ಇದರಿಂದ ರೈತನಿಗೇನು ಎಂದು ಕೇಳಬಹುದು. ಋತುಗಳು ನಡೆಯುವುದು ವಿಷುವದ ಲೆಕ್ಕದಲ್ಲಿ. ಮಳೆ ನಕ್ಷತ್ರಗಳು ನಡೆಯುವುದು ನಕ್ಷತ್ರದ ಲೆಕ್ಕದಲ್ಲಿ. ಎರಡರ ನಡುವೆ ಸುಮಾರು 72 ವರ್ಷಕ್ಕೆ ಒಂದು ದಿನದ ಬಿರುಕು ಬೀಳುತ್ತದೆ. ಬಸವಪ್ಪನಾಯಕನು ತನ್ನ ಗ್ರಂಥವನ್ನು ಬರೆದ ವರ್ಷ ಸೂರ್ಯನು ಚಿತ್ತೆಯನ್ನು ಸೇರಿದುದು ಇಂದಿಗಿಂತ ನಾಲ್ಕು ದಿನ ಮೊದಲು. ಸಾವಿರದ ಏಳುನೂರು ವರ್ಷಗಳಿಗೂ ಹಿಂದೆ ಅದು ಸೆಪ್ಟೆಂಬರ್ 23ರ ಸುಮಾರಿಗೆ, ಹಗಲಿರುಳು ಸಮವಾಗುವ ದಿನವೇ ಆಗುತ್ತಿದ್ದಿತು. ಆಗ ಚಿತ್ತೆಯೆಂದರೆ ಇಂದಿನ ಉತ್ತರೆ ಹಸ್ತದ ಮಳೆ. ಇನ್ನೆರಡು ಸಾವಿರ ವರ್ಷಗಳ ನಂತರ ಅದು ನವೆಂಬರಿನ ನಡುವನ್ನು ಮುಟ್ಟುತ್ತದೆ. ನೂರು ವರ್ಷದಲ್ಲಿ ಒಂದೂವರೆ ದಿನದ ವ್ಯತ್ಯಾಸವನ್ನು ಯಾವ ಒಕ್ಕಲಿಗನೂ ಲೆಕ್ಕಕ್ಕಿಡಬೇಕಾಗಿಲ್ಲ. ನಮ್ಮ ಕಾಲದಲ್ಲಿ ಮಳೆಯೇ ತನ್ನ ವಾಡಿಕೆಯನ್ನು ತಪ್ಪಿ, ಒಂದು ವಾರದ ಮಳೆ ಒಂದೇ ದಿನ ಸುರಿದು, ಕೊಯ್ಲಿಗೆ ಬಂದ ಭತ್ತವನ್ನು ಮಲಗಿಸಿ, ಅಂಗಳದಲ್ಲಿ ಹರವಿದ ಅಡಿಕೆಯನ್ನು ತೋಯಿಸಿದರೆ ಅದರ ಹೊಣೆಯನ್ನು ನಕ್ಷತ್ರದ ಮೇಲಾಗಲಿ, ಪಂಚಾಂಗದ ಮೇಲಾಗಲಿ ಹೊರಿಸುವುದು ಸರಿಯಲ್ಲ. ಹಾಗೆಂದು ಗಾದೆಯೊಂದನ್ನೇ ನಂಬಿ ಹವಾಮಾನ ಇಲಾಖೆಯ ಮುನ್ಸೂಚನೆಯನ್ನು ಅಲಕ್ಷಿಸುವುದೂ ವಿವೇಕವಲ್ಲ. ಹಿರಿಯರ ಲೆಕ್ಕ ವಾಡಿಕೆಯನ್ನು ಹೇಳುತ್ತದೆ, ನಾಳೆಯನ್ನಲ್ಲ.

ನಕ್ಷತ್ರದ ಹೆಸರಿನಲ್ಲಿ ಮದುವೆಯ ಮಾತುಕತೆಗಳು ಮುರಿದು ಬೀಳುವುದನ್ನೂ ನಾವು ಕಾಣುತ್ತಿದ್ದೇವೆ. ಇಂಥ ನಕ್ಷತ್ರದಲ್ಲಿ ಹುಟ್ಟಿದ ಹುಡುಗಿ ಮಾವನಿಗೆ ಆಗದು, ಭಾವನಿಗೆ ಆಗದು ಎಂಬ ಮಾತಿಗೆ ಬಲಿಯಾಗಿ ಸುಶಿಕ್ಷಿತ ಹೆಣ್ಣುಮಕ್ಕಳು ತಂದೆತಾಯಿಗಳ ಚಿಂತೆಗೆ ಕಾರಣರಾಗಿ ಕುಳಿತಿರುವ ಮನೆಗಳು ನಮ್ಮಲ್ಲಿವೆ. ತಿಥಿವಾರ ನಕ್ಷತ್ರಗಳ ಭಯವನ್ನು ಹನ್ನೆರಡನೆಯ ಶತಮಾನದಲ್ಲೇ ತಳ್ಳಿಹಾಕಿದ ಶರಣರ ಸಂತತಿಯೆಂದು ಹೇಳಿಕೊಳ್ಳುವ ನಾವು, ಇನ್ನೂರೈವತ್ತು ವರ್ಷ ಹಳೆಯ ಬೆಳಕಿಗೆ ಅಂಜಿ ಬೀಗತನವನ್ನು ಬಿಡುವುದು ಯಾವ ಲೆಕ್ಕ?

ಚಿತ್ತೆಯನ್ನು ನೋಡಬಯಸುವವರಿಗೆ ಬೇಸಗೆಯ ಸಂಜೆಯಲ್ಲದೆ ಇನ್ನೊಂದು ಅವಕಾಶವೂ ಇದೆ. ನವೆಂಬರ್ ಆರಂಭದ ವೇಳೆಗೆ ಅದು ಸೂರ್ಯನಿಂದ ಬಿಡಿಸಿಕೊಂಡು ಬೆಳಗಿನ ಜಾವ ಮೂಡಣದ ಅಂಚಿನಲ್ಲಿ ತಲೆಯೆತ್ತುತ್ತದೆ. ಡಿಸೆಂಬರಿನಲ್ಲಿ, ಅಡಿಕೆ ಸುಗ್ಗಿಯ ಭರದಲ್ಲಿ, ಬೇಯಿಸುವ ಹಂಡೆಗೆ ಬೆಂಕಿ ಹಾಕಲು ಐದು ಗಂಟೆಗೆ ಎದ್ದವರಿಗೆ ಆಗ್ನೇಯದಲ್ಲಿ ಸಾಕಷ್ಟು ಎತ್ತರದಲ್ಲಿ ಕಾಣಸಿಗುತ್ತದೆ. ಎಡಕ್ಕೆ ಸ್ವಾತಿ, ಬಲಕ್ಕೆ ಚಿತ್ತೆ. ಇಬ್ಬನಿ ದಟ್ಟವಾಗುವ ಮುನ್ನ ನೋಡುವುದು ಒಳ್ಳೆಯದು. ಮಕ್ಕಳ ಕೈಗೆ ದುರ್ಬೀನು ಕೊಟ್ಟರೆ ಬಣ್ಣ ಇನ್ನೂ ನಿಚ್ಚಳವಾಗುತ್ತದೆ. ಅವಳಿಯನ್ನು ಬಿಡಿಬಿಡಿಯಾಗಿ ಕಾಣುವೆವೆಂಬ ಆಸೆ ಮಾತ್ರ ಬೇಡ. ಶಾಲೆ ಕಾಲೇಜುಗಳಲ್ಲಿರುವ ಎಷ್ಟೇ ದೊಡ್ಡ ದೂರದರ್ಶಕವನ್ನು ತಿರುಗಿಸಿದರೂ ಅದರಲ್ಲಿ ಚಿತ್ತೆ ಒಂದೇ ಚುಕ್ಕೆ.